ತಾನೇ ಓಡಾಡುವ ಬಾಚಣಿಗೆ

ಹೋದ ಭಾನುವಾರ ಅಕ್ಕನ ಮಗಳಿಗೆ 1908ರ ಒಂದು ಪುಟ್ಟ ಮೂಕಿ ಚಿತ್ರ ತೋರಿಸಿದೆ, ‘ಎಲ್ ಹೋಟೆಲ್ ಎಲೆಕ್ಟ್ರಿಕೊ’. ಹತ್ತು ನಿಮಿಷವೂ ಇಲ್ಲ. ಮಾಡಿದವರು ಸ್ಪೇನಿನ ತೆರುಯೆಲ್ ಊರಿನ ಸೆಗುಂಡೊ ದೆ ಚೊಮೋನ್. ಆಗ ಅವರು ಪ್ಯಾರಿಸ್‌ನಲ್ಲಿ ಪಾತೆ ಅನ್ನುವ ಸಿನಿಮಾ ಕಂಪನಿಗೆ ಕೆಲಸ ಮಾಡುತ್ತಿದ್ದರು.

ಗಂಡ ಹೆಂಡತಿ ಒಂದು ಹೋಟೆಲಿಗೆ ಬರುತ್ತಾರೆ. ಅಲ್ಲಿ ಎಲ್ಲಾ ಕರೆಂಟಿನಲ್ಲೇ ನಡೆಯುತ್ತದೆ. ಪೆಟ್ಟಿಗೆಗಳು ತಾವೇ ಲಿಫ್ಟ್ ಹತ್ತಿ ರೂಮಿಗೆ ಹೋಗುತ್ತವೆ. ಬ್ರಷ್ ಬಂದು ಶೂ ಉಜ್ಜುತ್ತದೆ. ಕೊನೆಗೆ ಕುಡಿದ ನೌಕರನೊಬ್ಬ ಯಂತ್ರಕ್ಕೆ ಕೈ ಹಾಕುತ್ತಾನೆ. ಕುರ್ಚಿ, ಮೇಜು ಎಲ್ಲಾ ದಿಕ್ಕಾಪಾಲು. ಹುಡುಗಿ ಬಿದ್ದು ಬಿದ್ದು ನಕ್ಕಳು.

ಆಮೇಲೆ ಹೆಂಗಸಿನ ತಲೆ ಬಾಚುವ ದೃಶ್ಯವನ್ನೇ ಮತ್ತೆ ಹಾಕಿಸಿಕೊಂಡಳು. “ಚಿಕ್ಕಮ್ಮಾ, ದಾರ ಎಲ್ಲಿ ಕಟ್ಟಿದ್ದಾರೆ? ಕಾಣಿಸ್ತಾನೇ ಇಲ್ವಲ್ಲ!”

ಬಾಯಲ್ಲಿ ಹೇಳುವುದಕ್ಕಿಂತ ಮಾಡಿ ತೋರಿಸೋಣ ಅನ್ನಿಸಿತು. ಮೊಬೈಲನ್ನು ಪುಸ್ತಕಗಳ ಮಧ್ಯೆ ನಿಲ್ಲಿಸಿದೆ. ಅವಳನ್ನು ಎದುರಿಗೆ ಕೂರಿಸಿ, ಜಡೆ ಬಿಚ್ಚಿ, ಕೂದಲಿಗೆ ಬಾಚಣಿಗೆ ಸಿಕ್ಕಿಸಿದೆ. ಒಂದು ಫೋಟೋ. ಬಾಚಣಿಗೆಯನ್ನು ಒಂದು ಚೂರು ಕೆಳಗೆ ಸರಿಸಿದೆ. ಇನ್ನೊಂದು ಫೋಟೋ. ಅಷ್ಟರಲ್ಲಿ ಅವಳಿಗೆ ಮೂಗು ತುರಿಸಿತು. ತಲೆ ಒಂದು ಕಡೆ, ಬಾಚಣಿಗೆ ಇನ್ನೊಂದು ಕಡೆ! ಮತ್ತೆ ಮೊದಲಿಂದ. ಫೋಟೋಗಳನ್ನು ಬೇಗ ಬೇಗ ಓಡಿಸಿದಾಗ ಬಾಚಣಿಗೆ ತಾನೇ ಇಳಿಯಿತು, ಅದೂ ಕಣ್ಣು ಮಿಟುಕಿಸುವಷ್ಟು ಹೊತ್ತು.

ಆಗ ನನಗೆ ಆ ಹೆಂಗಸಿನ ಕಷ್ಟ ಅರ್ಥವಾಯಿತು. ಅವರು ಜೂಲಿಯೆನ್ ಮಾತ್ಯೂ, ನಿಜ ಜೀವನದಲ್ಲೂ ಚೊಮೋನ್ ಅವರ ಹೆಂಡತಿ. ಚಿತ್ರದಲ್ಲಿ ಗಂಡನಾಗಿರುವವರು ಚೊಮೋನ್ ಅವರೇ. ಪೆಟ್ಟಿಗೆಗಳನ್ನು ಇಟ್ಟಲ್ಲಿ ಬಿಡಬಹುದು, ಅವು ಅಲ್ಲಾಡುವುದಿಲ್ಲ. ಉಸಿರಾಡುವ ಮನುಷ್ಯರು ಹಾಗಲ್ಲ ಅಲ್ವಾ? ಅವರು ಬಾಚಣಿಗೆ ಒಂದೊಂದು ಚೂರು ಸರಿಯುವಾಗಲೂ ಕತ್ತು ಅಲುಗಿಸದೆ ಕೂತಿರಬೇಕು. ಇಷ್ಟಾಗಿಯೂ ಜೂಲಿಯೆನ್ ಮುಖದಲ್ಲಿ ಒಂದಿಷ್ಟೂ ಆಯಾಸ ಕಾಣುವುದಿಲ್ಲ. ನನ್ನ ಮಟ್ಟಿಗೆ ಈ ಚಿತ್ರದ ದೊಡ್ಡ ಸಾಹಸ ಅದೇ, ಕೊನೆಯ ಗಲಾಟೆಯಲ್ಲ.

ಚೊಮೋನ್ ಮುಂದೆ ಇಟಲಿಗೆ ಹೋಗಿ 1914ರ ‘ಕಬೀರಿಯಾ’ ಚಿತ್ರಕ್ಕೂ ಕೆಲಸ ಮಾಡಿದರು. ಅವರ ಬಗ್ಗೆ ಮಾತಾಡುವಾಗ ಜೂಲಿಯೆನ್ ಹೆಸರನ್ನೂ ಜೊತೆಗೇ ಹೇಳಬೇಕು ಅನ್ನುವುದು ನನ್ನ ಆಸೆ. ಹುಡುಗಿಗಂತೂ ಜೂಲಿಯೆನ್ ಹೆಸರೇ ಮೊದಲು ಬಾಯಿಗೆ ಬರುತ್ತಿದೆ. ಇನ್ನೊಂದು ಸಲ ಬಂದಾಗ ಶೂ ಪಾಲಿಶ್ ದೃಶ್ಯ ಮಾಡಬೇಕಂತೆ. ಬರೀ ಶೂ ಇಟ್ಟುಕೊಂಡರೆ ಯಾರೂ ಸುಮ್ನೆ ಕೂರಬೇಕಾಗಿಲ್ಲವಲ್ಲ!