ಸಾಂಪ್ಟಿಂಗ್ ಚರ್ಚ್ ಮಾದರಿ: ಗೋಪುರದ ಟೋಪಿ ಕೊನೆಗೂ ಕೂತಿತು

ಕಾರ್ಡ್‌ನಲ್ಲಿ ಕಟ್ಟುತ್ತಿರುವ ಈ ಮಾದರಿಯಲ್ಲಿ ಗೋಪುರದ ಟೋಪಿಯ, ಅಂದರೆ ಚೂಪು ಛಾವಣಿಯ, ನಾಲ್ಕು ಏಣುಗಳೂ (ಎರಡು ಮುಖ ಸೇರುವ ಅಂಚುಗಳೂ) ತುದಿಯಲ್ಲಿ ಒಂದೇ ಬಿಂದುವಿಗೆ ಸೇರಿವೆ, ಎಲ್ಲೂ ಬಿರುಕಿಲ್ಲ! ಗೋಡೆ, ಕಿಟಕಿ, ನೇವ್ (ಚರ್ಚ್‌ನ ನಡುವಿನ ಸಭಾಂಗಣ) ಎಲ್ಲ ಎಂದಿನ ಕೆಲಸ, ಅದನ್ನು ಬಿಡೋಣ. ಇಡೀ ಮಾದರಿಯನ್ನು ತಡೆದು ನಿಲ್ಲಿಸಿದ್ದು ಟೋಪಿಯೊಂದೇ.

ಇಂಗ್ಲೆಂಡಿನ ವೆಸ್ಟ್ ಸಸೆಕ್ಸ್‌ನ ಸಾಂಪ್ಟಿಂಗ್ ಗ್ರಾಮದ ಸೇಂಟ್ ಮೇರಿ ಚರ್ಚ್ 1154ರಲ್ಲಿ ಟೆಂಪ್ಲರ್ ಯೋಧ ಸನ್ಯಾಸಿಗಳ ಕೈಸೇರಿತು. ನೇವ್ ಅವರ ಕಾಲದಲ್ಲಿ ಹೊಸದಾಯಿತು, ಅದಕ್ಕೂ ಹಿಂದಿನ ಆಂಗ್ಲೋ-ಸ್ಯಾಕ್ಸನ್ ಶೈಲಿಯ ಗೋಪುರ ಹಾಗೆಯೇ ಉಳಿಯಿತು. ಚಕಮಕಿ ಕಲ್ಲಿನ ಗೋಡೆ, ನಡುವೆ ಮೇಲಕ್ಕೇರುವ ಕಿರಿದಾದ ಕಲ್ಲಿನ ಪಟ್ಟಿ, ನಾಲ್ಕು ಕಡೆಯೂ ಗೋಡೆಯ ತ್ರಿಕೋನ ತಲೆ (ಗೇಬಲ್), ಮೇಲೆ ಮರದ ಚಕ್ಕೆ ಹೊದೆಸಿದ ನಾಲ್ಕು ವಜ್ರಾಕೃತಿಗಳು. ಜರ್ಮನಿಯ ರೈನ್ ನದಿ ಸೀಮೆಯಲ್ಲಿ, ಉದಾಹರಣೆಗೆ ಕಲೋನ್‌ನ ಸೇಂಟ್ ಅಪೋಸ್ಟೆಲ್ನ್ ಚರ್ಚ್‌ನಲ್ಲಿ, ಇಂಥ ಶಿಖರ ಕಾಣಸಿಗುತ್ತದೆ. ಇಂಗ್ಲೆಂಡಿನ ಸ್ಯಾಕ್ಸನ್ ಗೋಪುರಗಳಲ್ಲಿ ಇದೊಂದರ ಮೇಲೆ ಮಾತ್ರ ಉಳಿದಿದೆ. ಅದಕ್ಕೇ ಇದು ತಪ್ಪಬಾರದು.

ಮೊದಲು ಲೆಕ್ಕ. ವಜ್ರಾಕೃತಿ ಚಪ್ಪಟೆಯಾಗಿ ಕೂರಬೇಕಾದರೆ ಶಿಖರದ ಎತ್ತರ ಗೇಬಲ್ ಎತ್ತರಕ್ಕೆ ಸರಿಯಾಗಿ ಎರಡರಷ್ಟಿರಬೇಕು. ಒಂದು ಮಿಲಿಮೀಟರ್ ಹೆಚ್ಚುಕಡಿಮೆಯಾದರೂ ಕಾರ್ಡ್ ನಡುವೆ ತಿರುಚಿಕೊಳ್ಳುತ್ತದೆ. ಮಾದರಿಗೆ ಇಟ್ಟುಕೊಂಡ ಅಳತೆ: ಗೋಪುರದ ಬದಿ 60 ಮಿ.ಮೀ., ಗೇಬಲ್ ಎತ್ತರ 40, ಅದೇ ಬುಡದಿಂದ ತುದಿಯ ಎತ್ತರ 80. ಆಗ ವಜ್ರಾಕೃತಿಯ ಪ್ರತಿ ಬಾಹು 50, ಕರ್ಣಗಳು 42.4 ಮತ್ತು 90.6, ತುದಿಯ ಕೋನ 50.2 ಡಿಗ್ರಿ.

2 ಮಿ.ಮೀ. ಮೌಂಟ್ ಬೋರ್ಡ್‌ನಲ್ಲಿ (ದಪ್ಪ ರಟ್ಟಿನಲ್ಲಿ) ನಾಲ್ಕು ಬಿಡಿ ತುಂಡು ಕತ್ತರಿಸಿ ಅಂಟಿಸುವ ದಾರಿ ಬೇಡವೇ ಬೇಡ. ಏಣಿನಲ್ಲಿ ಎರಡು ಮುಖಗಳ ನಡುವಿನ ಕೋನ 102.7 ಡಿಗ್ರಿ, ಅಂದರೆ ಪ್ರತಿ ಅಂಚನ್ನೂ 51.3 ಡಿಗ್ರಿಗೆ ಓರೆ ಮಾಡಬೇಕು. ರೂಢಿಯಂತೆ 45ಕ್ಕೆ ಕತ್ತರಿಸಿದರೆ ಹೊರಗೆರೆ ಮಾತ್ರ ತಾಗಿ ಒಳಗೆ ಅರ್ಧ ಮಿ.ಮೀ. ಬಾಯಿ ಬಿಡುತ್ತದೆ, ಅಂಟು ಒಣಗಿ ಎಳೆದಾಗ ತುದಿ ವಾಲುತ್ತದೆ. ಕೈಹಿಡಿದದ್ದು 0.4 ಮಿ.ಮೀ. ಐವರಿ ಕಾರ್ಡ್‌ನ (ನಯವಾದ ತೆಳು ರಟ್ಟಿನ) ಒಂದೇ ಹಾಳೆ. ತುದಿಯನ್ನು ನಡುವಿಗಿಟ್ಟು ನಾಲ್ಕು ವಜ್ರಾಕೃತಿಗಳನ್ನು ಬೀಸಣಿಗೆಯಂತೆ ಒತ್ತಿಗೆ ಬರೆದು, ಮೂರು ಏಣುಗಳಿಗೆ ಹೊರಮೈಯಲ್ಲಿ ಗೀರು ಹಾಕಿ ಮಡಚಿ, ನಾಲ್ಕನೆಯದಕ್ಕೆ 4 ಮಿ.ಮೀ. ಪಟ್ಟಿ ಬಿಟ್ಟು ಅಂಟಿಸುವುದು.

ಆದರೂ ಒಳಕಟ್ಟಿನ (ಟೋಪಿಯನ್ನು ಒಳಗಿನಿಂದ ಹೊರುವ ಬೋರ್ಡ್ ಚೌಕಟ್ಟಿನ) ಮೇಲಿಟ್ಟಾಗ ಟೋಪಿ ಎದ್ದೇ ನಿಲ್ಲುತ್ತಿತ್ತು. ಕಾರಣ ಎರಡು. ಕಾರ್ಡ್‌ನ ದಪ್ಪ 0.4 ಆದರೂ ಇಳಿಜಾರು ಕಡಿದಾದ್ದರಿಂದ ಲಂಬವಾಗಿ ಅದು 0.85 ಮಿ.ಮೀ. ನುಂಗುತ್ತದೆ. ಜೊತೆಗೆ ಏಣಿನ ಕೆಳಗೆ ನಿಲ್ಲುವ ಐದು ಮೂಲೆಯ ಪಟ್ಟಿಗಳ ತಲೆ ಚಪ್ಪಟೆ: 2 ಮಿ.ಮೀ. ಬೋರ್ಡ್‌ನ ಎರಡು ಅಂಚುಗಳು ಛಾವಣಿಯನ್ನು 1.33 ಮಿ.ಮೀ. ಮೇಲಕ್ಕೆ ಒದೆಯುತ್ತವೆ. ಎರಡೂ ಸೇರಿಸಿ ಪಟ್ಟಿಗಳ ಮೇಲಂಚನ್ನು 2.2 ತಗ್ಗಿಸಿ, ಗೇಬಲ್ ಗೋಡೆಗಳ ಓರೆ ಅಂಚನ್ನು 0.85 ಮಾತ್ರ ತಗ್ಗಿಸಿದರೆ ಟೋಪಿ ಕೂರುತ್ತದೆ. ಅಂಚುಗಳನ್ನು ಸ್ಯಾಂಡ್ ಪೇಪರ್‌ನಲ್ಲಿ ಉಜ್ಜಿ ಇಳಿಸಲೂಬಹುದು, ಆದರೆ ನಾಲ್ಕೂ ಕಡೆ ಒಂದೇ ಸಮ ಬರುವುದು ಕಷ್ಟ.

ಇಲ್ಲಿ ಬೋರ್ಡ್ ಮಾರುವವರ ಮೇಲೆ ಸಿಟ್ಟು ಬರದೆ ಇರದು. 2 ಮಿ.ಮೀ. ಎಂದು ಚೀಟಿ ಅಂಟಿಸಿದ ಒಂದೇ ಕಟ್ಟಿನಲ್ಲಿ 1.8ರ ಹಾಳೆಯೂ 2.3ರ ಹಾಳೆಯೂ ಇದ್ದವು. 2.3ರ ಪಟ್ಟಿ ಹಾಕಿದರೆ ಟೋಪಿ ಮತ್ತೆ 0.2 ಏಳುತ್ತದೆ, ಎರಡು ಪಟ್ಟಿಗಳು ಒಂದಕ್ಕೊಂದು ಸಿಕ್ಕುವ ಸೀಳೂ ಬಿಗಿಯಾಗುತ್ತದೆ. ಪ್ರತಿ ಹಾಳೆಯ ದಪ್ಪವನ್ನೂ ವರ್ನಿಯರ್ ಕ್ಯಾಲಿಪರ್‌ನಲ್ಲಿ ಅಳೆದೇ ಕಟ್ಟರ್ ಕೈಗೆತ್ತಿಕೊಳ್ಳಿ.

ಮುಂದಿನದು ಹೆರೆಫರ್ಡ್‌ಶೈರ್‌ನ ಕಿಲ್ಪೆಕ್, ಅದರ ಗುಂಗು ಈಗಲೇ ಹಿಡಿದಿದೆ. 1140ರ ಸುಮಾರಿನ ಕೆಂಪು ಮರಳುಗಲ್ಲಿನ ಪುಟ್ಟ ಚರ್ಚ್. ಸೂರಿನ ಕೆಳಗೆ ಸುತ್ತಲೂ 85 ಕೆತ್ತನೆ ಚಾಚುಗಲ್ಲುಗಳು ಇಂದಿಗೂ ಉಳಿದಿವೆ. ನಾಯಿ, ಮೊಲ, ವಿಚಿತ್ರ ಮುಖ, ಹೀಗೆ ಬಗೆಬಗೆಯವು. ಅಚ್ಚು ಮಾಡಿ ಎರಕ ಹೊಯ್ದರೆ ಆ ಚರ್ಚ್‌ನ ಜೀವವೇ ಹೋಗುತ್ತದೆ, ಎಪಾಕ್ಸಿ ಪುಟ್ಟಿಯಲ್ಲಿ ಒಂದೊಂದನ್ನೂ ಕೈಯಲ್ಲೇ ತಿದ್ದಬೇಕು. ಪೂರ್ವದ ಅರ್ಧವೃತ್ತದ ಭಾಗದಲ್ಲಿ ಅವುಗಳ ಬುಡವನ್ನು ಕೇಂದ್ರದ ಕಡೆಗೆ ಮುಖಮಾಡಿ ಕೂರಿಸಬೇಕು.

ಸಾಂಪ್ಟಿಂಗ್ ಮಾದರಿಯಲ್ಲಿ ಇನ್ನು ಉಳಿದಿರುವ ಕೆಲಸ ಮರದ ಚಕ್ಕೆಗಳದ್ದು. ವಜ್ರಾಕೃತಿಯ ಚಿಕ್ಕ ಕರ್ಣ ನೆಲಕ್ಕೆ ಸಮಾನಾಂತರವಾಗಿರುವುದರಿಂದ ಸಾಲುಗಳೂ ಅದಕ್ಕೆ ಸಮಾನಾಂತರವಾಗಿ ಬರಬೇಕು, ಬಾಹುವಿಗಲ್ಲ. ಕೆಳಮೂಲೆಯಿಂದ ಶುರುಮಾಡಿ 2.5 ಮಿ.ಮೀ. ಕಾಣುವಂತೆ ಒಂದರ ಮೇಲೊಂದು ಹೊದೆಸಿದರೆ ಮುಖವೊಂದಕ್ಕೆ 36 ಸಾಲು. ಏಣಿನಲ್ಲಿ ಪಕ್ಕದ ಮುಖದ ಸಾಲು ಒಂದೇ ಎತ್ತರಕ್ಕೆ ಬರಬೇಕಾದ್ದರಿಂದ, ಅಂಟಿಸುವ ಮುನ್ನ ನಾಲ್ಕೂ ಮುಖಗಳಿಗೆ ಪೆನ್ಸಿಲ್ ಗೆರೆ ಎಳೆದುಕೊಳ್ಳಬೇಕು. ಹಾಳೆ ಮಡಚುವ ಮೊದಲೇ ಎಳೆದರೆ ಸ್ಕೇಲ್ ಜಾರುವುದಿಲ್ಲ.