ಕಿವಿ ಕೊಟ್ಟ ಮೇಷ್ಟ್ರು

ಶಾಲೆಯ ಸಂಚಿಕೆಗೆ ನಿಮ್ಮ ಕಲಾಜೀವನದ ಬಗ್ಗೆ ಬರೆದುಕೊಡಿ ಎಂದು ಸಂಪಾದಕರು ಕೇಳಿದ್ದಾರೆ. ಕಲಾಜೀವನ ಅಂದರೆ ದೊಡ್ಡ ಮಾತಾಯಿತು. ಸಿನಿಮಾದಲ್ಲಿ ನಾನು ಪೋಸ್ಟ್‌ಮ್ಯಾನ್, ಶಾನುಭೋಗ, ನಾಯಕಿಯ ಅಪ್ಪ. ಧಾರಾವಾಹಿಗಳಲ್ಲಿ ಮಾವ, ದೊಡ್ಡಪ್ಪ, ಮತ್ತೆ ಮಾವ. ಟಿಆರ್‌ಪಿ ಇಳಿದರೆ ಮೊದಲು ಮುಗಿಯುವುದು ನಮ್ಮಂಥವರ ಟ್ರ್ಯಾಕ್. ಒಂದು ಧಾರಾವಾಹಿಯಲ್ಲಂತೂ ಕೊನೆಯ ದಿನ ಕರೆಸಿ ಬರೀ ಫೋಟೋ ತೆಗೆದು ಕಳಿಸಿದರು. ಆಮೇಲೆ ಅದು ಮುಗಿಯುವ ತನಕ ಹಾರ ಹಾಕಿಸಿಕೊಂಡು ಗೋಡೆ ಮೇಲೆ ನಗುತ್ತಾ ಇದ್ದೆ. ಅದಕ್ಕೆ ಪೇಮೆಂಟ್ ಇಲ್ಲ!

ಇಷ್ಟಾದರೂ ಚಿಕ್ಕಮಗಳೂರಿನ ಎಂ.ಜಿ. ರಸ್ತೆಯಲ್ಲಿ ಸೆಲ್ಫಿ ಕೇಳುವವರಿದ್ದಾರೆ. ಗಣಪತಿ ಪೆಂಡಾಲಿನ ಫ್ಲೆಕ್ಸಿನಲ್ಲಿ ನನ್ನ ಮುಖ ಗಣಪತಿಗಿಂತ ದೊಡ್ಡದಿತ್ತು. ಹೇಳಿಕೊಳ್ಳಬಾರದು, ಆದರೂ ಹೇಳಿದೆ.

ಇದಕ್ಕೆಲ್ಲ ಕಾರಣ ನಮ್ಮ ಕನ್ನಡ ಮೇಷ್ಟ್ರು. ಈ ಶ್ರಾವಣದಲ್ಲಿ ತೀರಿಕೊಂಡರು. ಅವರು ಮಾಡಿದ ಪಾಠದಲ್ಲಿ ಒಂದು ಪದ್ಯವೂ ನನಗೆ ಪೂರ್ತಿ ಬರುವುದಿಲ್ಲ. ನೆನಪಿರುವುದು ಬಿಳಿ ಪಂಚೆ, ಜೇಬಿನ ನಶ್ಯದ ಡಬ್ಬಿ, ಭೀಮ ಮಾತಾಡುವಾಗ ಟೇಬಲ್ ಮೇಲೆ ಬೀಳುತ್ತಿದ್ದ ಡಸ್ಟರ್. ದುಃಖದ ಭಾಗ ಬಂದರೆ ಮಾತ್ರ ಕಿಟಕಿ ಕಡೆ ತಿರುಗಿ ನಿಂತು ಮೆಲ್ಲಗೆ ಓದುತ್ತಿದ್ದರು. ಬೆನ್ನು ನೋಡಿಯೇ ನಮಗೆ ಅಳು ಬರುತ್ತಿತ್ತು.

ನನಗೆ ಆಗ ಮಿಮಿಕ್ರಿ ಹುಚ್ಚು. ಒಂದು ಶುಕ್ರವಾರ ಟಾಕೀಸಿಗೆ ಹೊಸ ಸಿನಿಮಾ ಬಂದಿತ್ತು. ಮಳೆ ಬೇರೆ ಹಿಡಿದಿತ್ತು. ಆಫೀಸ್ ರೂಮಿನ ಹಿಂದಿನ ಕಿಟಕಿ ಕೆಳಗೆ ಕೂತು, ಹೆಡ್‌ಮಾಸ್ಟರ ಹಾಗೇ ಕೆಮ್ಮಿ, "ಏನಯ್ಯಾ, ಮಳೆ ಜೋರಾಗ್ತಿದೆ, ಲಾಂಗ್ ಬೆಲ್ ಹೊಡಿ" ಎಂದೆ. ಜವಾನ ಹೊಡೆದೇಬಿಟ್ಟ. ಎಂಟನೇ ಕ್ಲಾಸಿನಲ್ಲಿ ಲೆಕ್ಕ ಮಾಡಿಸುತ್ತಿದ್ದ ಹೆಡ್‌ಮಾಸ್ಟರು ಹೊರಗೆ ಬಂದು ನೋಡುವಷ್ಟರಲ್ಲಿ ಮೈದಾನದಲ್ಲಿ ಒಂದು ಕೊಡೆಯೂ ಉಳಿದಿರಲಿಲ್ಲ.

ಸಿಕ್ಕಿಬಿದ್ದೆ. ಟಿ.ಸಿ. ಕೊಡುವ ಮಾತು ಬಂತು. ಕನ್ನಡ ಮೇಷ್ಟ್ರು "ಇವನನ್ನ ನನಗೆ ಬಿಡಿ" ಎಂದರು. ವಾರ್ಷಿಕೋತ್ಸವದ ನಾಟಕದಲ್ಲಿ ದುರ್ಯೋಧನನೇ ಸಿಕ್ಕಿದ ಅಂದುಕೊಂಡೆ. ಕೊಟ್ಟದ್ದು ದ್ವಾರಪಾಲಕ! ಒಂದು ಮಾತಿಲ್ಲ. ನಾಟಕ ಮುಗಿಯುವ ತನಕ ಈಟಿ ಹಿಡಿದು ನಿಲ್ಲಬೇಕು. "ನಿನ್ನ ಬಾಯಿ ನೋಡಿದ್ದಾಯ್ತು ಕಣೋ, ಇನ್ನು ಕಿವಿ ನೋಡೋಣ. ಅವರು ಆಡೋ ಪ್ರತಿ ಮಾತೂ ನಿನಗೆ ಹೊಸದಾಗಿ ಕೇಳಿಸ್ಬೇಕು." ರಿಹರ್ಸಲ್‌ನಲ್ಲಿ ಅವರು ದುರ್ಯೋಧನನನ್ನು ನೋಡುತ್ತಲೇ ಇರಲಿಲ್ಲ, ನನ್ನನ್ನೇ ನೋಡುತ್ತಿದ್ದರು. ನನ್ನ ಕಣ್ಣು ಅಲೆದರೆ ಸೀಮೆಸುಣ್ಣದ ಚೂರು ಹಾರಿ ಬರುತ್ತಿತ್ತು.

ಈಗ ನನ್ನ ಹೊಟ್ಟೆಪಾಡು ಅದೇ ಅಲ್ವಾ? ಸೊಸೆ ಎರಡು ಪುಟ ಡೈಲಾಗ್ ಹೇಳುತ್ತಾಳೆ, ನನ್ನದು ರಿಯಾಕ್ಷನ್. ಎಷ್ಟೋ ಸಲ ಆ ಹುಡುಗಿ ತನ್ನ ಶಾಟ್ ಮುಗಿಸಿ ಮನೆಗೆ ಹೋಗಿರುತ್ತಾಳೆ. ಅಸಿಸ್ಟೆಂಟ್ ಡೈರೆಕ್ಟರ್ ಕ್ಯಾಮೆರಾ ಪಕ್ಕ ನಿಂತು ಅವಳ ಮಾತನ್ನು ದಿನಸಿ ಚೀಟಿ ಓದಿದ ಹಾಗೆ ಓದುತ್ತಾನೆ. ಅದನ್ನು ಕೇಳಿ ನಾನು ಕಣ್ಣು ತುಂಬಿಕೊಳ್ಳಬೇಕು. ತುಂಬಿಕೊಳ್ಳುತ್ತೇನೆ, ಒಂದೇ ಟೇಕ್‌ನಲ್ಲಿ.

ಅವಕಾಶವಿಲ್ಲದೆ ಬೆಂಗಳೂರಿನಲ್ಲಿ ಒದ್ದಾಡುತ್ತಿದ್ದಾಗ ಮೇಷ್ಟ್ರಿಂದ ಒಂದು ಕಾರ್ಡ್ ಬಂತು. "ಲೋಕನಾಥ್ ಶುರು ಮಾಡಿದ್ದು ಯಾವಾಗ? ಸುಮ್ನೆ ಕೆಲಸ ಮಾಡ್ತಿರು." ಅಷ್ಟೇ. 1970ರ 'ಸಂಸ್ಕಾರ'ದಲ್ಲಿ ತೆರೆಗೆ ಬಂದಾಗ ಲೋಕನಾಥ್ ನಲವತ್ತು ದಾಟಿದ್ದರು. 1974ರ 'ಭೂತಯ್ಯನ ಮಗ ಅಯ್ಯು' ಚಿತ್ರೀಕರಣ ನಡೆದದ್ದು ನಮ್ಮ ಪಕ್ಕದ ಕಳಸಾಪುರದಲ್ಲೇ. ಲೋಕೇಶ್, ವಿಷ್ಣುವರ್ಧನ್ ಇದ್ದ ಸಿನಿಮಾ. ಆದರೂ ಉಪ್ಪಿನಕಾಯಿಯ ಒಂದು ದೃಶ್ಯದಿಂದ ಲೋಕನಾಥ್ ಸಾಯುವ ತನಕ 'ಉಪ್ಪಿನಕಾಯಿ ಲೋಕನಾಥ್' ಆಗಿ ಉಳಿದರು. ಪೋಷಕ ನಟನಿಗೆ ಇನ್ನೇನು ಬೇಕು?

ಈಗಿನ ವಾರ್ಷಿಕೋತ್ಸವ ನೋಡಿದರೆ ಬೇಜಾರಾಗುತ್ತದೆ. ಬಾಡಿಗೆ ಡ್ರೆಸ್ಸು, ಹೊರಗಿನ ಡ್ಯಾನ್ಸ್ ಮಾಸ್ಟರು, ರೆಕಾರ್ಡ್ ಹಾಡು. ಅಪ್ಪ ಅಮ್ಮ ತಮ್ಮ ಮಗುವನ್ನು ಮೊಬೈಲಿನಲ್ಲಿ ಹಿಡಿದುಕೊಂಡು ಎದ್ದು ಹೋಗುತ್ತಾರೆ. ನಾಟಕ ಯಾಕಿಲ್ಲ ಅಂದರೆ, ಟ್ಯೂಷನ್ ಇದೆ ಸರ್ ಅನ್ನುತ್ತಾರೆ. ಶಿಕ್ಷಕರನ್ನು ದೂರಲಾರೆ. ಅವರಿಗೆ ಬಿಸಿಯೂಟದ ಲೆಕ್ಕ, ಆನ್‌ಲೈನ್ ಎಂಟ್ರಿ, ಚುನಾವಣೆ ಡ್ಯೂಟಿ.

ಹೆಡ್‌ಮೇಡಂ ಒಪ್ಪಿದರೆ ಶೂಟಿಂಗ್ ಇಲ್ಲದ ಶನಿವಾರ ನಾನೇ ಬಂದು ನಾಟಕ ಮಾಡಿಸುತ್ತೇನೆ. ಬಸ್ ಚಾರ್ಜು ನನ್ನದೇ. ದುರ್ಯೋಧನ ಯಾರು ಬೇಕಾದರೂ ಆಗಲಿ, ದ್ವಾರಪಾಲಕನನ್ನು ಮಾತ್ರ ನಾನೇ ಆರಿಸುತ್ತೇನೆ. ಕ್ಲಾಸಿನಲ್ಲಿ ಎಲ್ಲರಿಗಿಂತ ಜಾಸ್ತಿ ಮಾತಾಡುವವರ ಹೆಸರು ಬರೆದಿಟ್ಟಿರಿ.