ಎಂಟು ವಾರದ ಆದೇಶ, ಹತ್ತನೇ ತಿಂಗಳಿನ ಹಿಂಬರಹ

ನಮ್ಮ ದೊಡ್ಡಪ್ಪನಿಗೆ ಸೋಮವಾರಪೇಟೆ ಹತ್ತಿರ 3 ಎಕರೆ ಕಾಫಿ ತೋಟ ಇದೆ. ಆರ್‌ಟಿಸಿ (ಪಹಣಿ) ಮಾತ್ರ ಇನ್ನೂ ತಾತನ ಕಾಲದ ಜಂಟಿ ಹೆಸರಲ್ಲೇ ಇದೆ. ಕೊಡಗಿನಲ್ಲಿ ಎಷ್ಟೋ ಮನೆಗಳ ಪಾಡು ಇದೇ ಅಲ್ವಾ? ಬೆಳೆ ಸಾಲಕ್ಕೂ ಅಲೆದಾಟ, ಮಳೆಗೆ ಗುಡ್ಡದ ಬರೆ ಕುಸಿದರೆ ಪರಿಹಾರಕ್ಕೂ ಅಲೆದಾಟ.

ಪೋಡಿ ಮಾಡಿಕೊಡಿ, ಅಂದರೆ ನಮ್ಮ ಪಾಲನ್ನು ಅಳೆದು ದಾಖಲೆಯಲ್ಲಿ ಬೇರೆ ಮಾಡಿಕೊಡಿ ಎಂದು ಕೊಟ್ಟ ಅರ್ಜಿ ಒಂದು ಕಚೇರಿಯಲ್ಲಿ ವರ್ಷಗಟ್ಟಲೆ ಕೂತಿತು. ಕೊನೆಗೆ ಬೆಂಗಳೂರಿಗೆ ಹೋಗಿ ಹೈಕೋರ್ಟಿನಲ್ಲಿ ರಿಟ್ ಹಾಕಿದೆವು, ಅಂದರೆ ಕಚೇರಿಗೆ ನಿರ್ದೇಶನ ಕೊಡಿ ಎಂದು ಕೇಳುವ ಅರ್ಜಿ. 8 ವಾರದೊಳಗೆ ಅರ್ಜಿಯನ್ನು ಪರಿಗಣಿಸಿ ಎಂದು ಆದೇಶ ಬಂತು. ಅವತ್ತು ದೊಡ್ಡಮ್ಮ ಪಾಯಸ ಮಾಡಿದ್ದರು.

ಆದೇಶದ ನಕಲನ್ನು ಕಚೇರಿಯ ಟಪಾಲು ವಿಭಾಗಕ್ಕೆ ಕೊಟ್ಟು ಸೀಲು ಹಾಕಿಸಿಕೊಂಡು ಬಂದೆವು. 8 ವಾರ ಕಳೆಯಿತು, ಮಳೆಗಾಲ ಕಳೆಯಿತು, ಕಾಫಿ ಕೊಯ್ಲೂ ಶುರುವಾಯಿತು, ಕಡತ ಮಾತ್ರ ಅಲ್ಲಾಡಲಿಲ್ಲ. ಇನ್ನು ನ್ಯಾಯಾಂಗ ನಿಂದನೆ ಅರ್ಜಿಯೇ ದಾರಿ ಎಂದರು ವಕೀಲರು. ದೊಡ್ಡಪ್ಪ ಹೆದರಿಬಿಟ್ಟರು. "ನಾನು ಯಾರನ್ನೂ ನಿಂದಿಸಿಲ್ಲವಲ್ಲ ಮಗಾ" ಎಂದರು. ಹೆಸರೇ ಹಾಗಿದೆ. 1971ರ ಕಾಯ್ದೆಯಲ್ಲಿ ಎರಡು ಬಗೆ ಇದೆ. ನ್ಯಾಯಾಲಯದ ಆದೇಶವನ್ನು ಬೇಕೆಂದೇ ಪಾಲಿಸದಿದ್ದರೆ ಅದು ಸಿವಿಲ್ ನಿಂದನೆ. 6 ತಿಂಗಳವರೆಗೆ ಸಾದಾ ಸೆರೆವಾಸ, ಇಲ್ಲವೇ 2,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಮನಸಾರೆ ಕ್ಷಮೆ ಕೇಳಿದರೆ ಅದನ್ನೂ ಬಿಡಬಹುದು.

ನೋಟಿಸ್ ಹೋದ ಮೇಲೆ ಕಡತಕ್ಕೆ ಕಾಲು ಬಂತು. ಹತ್ತನೇ ತಿಂಗಳಿನಲ್ಲಿ ಒಂದು ಹಿಂಬರಹ, ಅಂದರೆ ಕಚೇರಿಯ ಲಿಖಿತ ಉತ್ತರ, ಮನೆಗೇ ಬಂತು. ದಾಖಲೆ ಸಾಲದು, ಅರ್ಜಿ ತಿರಸ್ಕರಿಸಿದೆ ಎಂದು ಎರಡೇ ಸಾಲು. ಪರಿಗಣಿಸಿ ಎಂದಿದ್ದರು, ಪರಿಗಣಿಸಿದ್ದೇವೆ ಎಂದು ಕೋರ್ಟಿಗೆ ಹೇಳಿದರು. ಪ್ರಕರಣ ಮುಗಿಯಿತು.

ನನಗೆ ಇದು ಅರಗಲು ಬಹಳ ದಿನ ಬೇಕಾಯಿತು. ಆದೇಶ ಪಾಲಿಸಿದರೋ ಇಲ್ಲವೋ ಎಂಬುದಷ್ಟೇ ನಿಂದನೆ ಪ್ರಕರಣದಲ್ಲಿ ನೋಡುವ ವಿಷಯ. ಕೊಟ್ಟ ಉತ್ತರ ತಪ್ಪೋ ಸರಿಯೋ ಎಂಬುದು ಅಲ್ಲಿ ಬರುವುದಿಲ್ಲ. ಅದು ತಪ್ಪಿದ್ದರೆ ಬೇರೆಯಾಗಿಯೇ ಪ್ರಶ್ನಿಸಬೇಕು ಎಂದು ಸುಪ್ರೀಂ ಕೋರ್ಟ್ 1996ರಲ್ಲೇ ಜೆ.ಎಸ್. ಪರಿಹಾರ್ ಪ್ರಕರಣದಲ್ಲಿ ಹೇಳಿದೆ. ಕಾನೂನಿನ ಲೆಕ್ಕ ನನಗೆ ಅರ್ಥವಾಗುತ್ತದೆ. ಆದರೆ 8 ವಾರದ ಕೆಲಸಕ್ಕೆ 10 ತಿಂಗಳು ಯಾಕೆ ಬೇಕಾಯಿತು ಎಂದು ಒಬ್ಬರಾದರೂ ಕೇಳಬೇಕಿತ್ತು. ಅಧಿಕಾರಿಗಳನ್ನು ಸುಮ್ಸುಮ್ನೆ ಕೋರ್ಟಿಗೆ ಕರೆಸಬಾರದು, ಕರೆಸುವುದಾದರೆ ಮೊದಲು ವಿಡಿಯೋ ಮೂಲಕ ಎಂದು 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಅದಕ್ಕೆ ನನ್ನ ತಕರಾರಿಲ್ಲ. ಯಾರನ್ನೋ ನಿಲ್ಲಿಸಿ ಬೈದರೆ ನಮ್ಮ ಪೋಡಿ ಆಗುವುದಿಲ್ಲ. ತಡವಾದದ್ದಕ್ಕೆ ಕಾರಣವನ್ನು ಬರೆದು ಕೊಡಿ ಎಂದಿದ್ದರೆ ಸಾಕಿತ್ತು.

ನಮ್ಮ ಕಡೆಯವರು ಯಾರಾದರೂ ರಿಟ್ ಹಾಕುವುದಿದ್ದರೆ ಮೊದಲೇ ವಕೀಲರ ಹತ್ತಿರ ಕೂತು ಏನು ಕೇಳುತ್ತಿದ್ದೀರಿ ಎಂಬುದನ್ನು ನೋಡಿ. ಪರಿಗಣಿಸಿ ಎಂದಷ್ಟೇ ಕೇಳಬೇಡಿ. ನಮ್ಮನ್ನು ಕರೆದು ಕೇಳಿ, ಯಾವ ದಾಖಲೆ ಬೇಕೆಂದು ಹೇಳಿ, ಕಾರಣ ಕೊಟ್ಟು ಆದೇಶ ಮಾಡಿ ಎಂದು ಕೇಳಿ. ಟಪಾಲು ಸೀಲಿನ ತಾರೀಕು ಜೋಪಾನ, ಯಾಕೆಂದರೆ ನಿಂದನೆ ಅರ್ಜಿಗೆ ಕಾಯ್ದೆಯಲ್ಲಿ ಒಂದೇ ವರ್ಷದ ಅವಧಿ ಇದೆ, ಇವತ್ತು ನಾಳೆ ಎನ್ನುವ ಮಾತು ನಂಬಿ ಕೂತರೆ ಅದೂ ಕೈತಪ್ಪುತ್ತದೆ.

ಹೋದ ವಾರ ಎರಡನೇ ರಿಟ್ ಹಾಕಿದೆವು. ದೊಡ್ಡಪ್ಪನಿಗೆ ಈಗ 78. ಈ ಸಲ ಬೆಂಗಳೂರಿಗೆ ನಾನೊಬ್ಬನೇ ಹೋಗಿ ಬಂದೆ.